ಎತ್ತರದಲ್ಲಿ ಕ್ಯಾಮೆರಾ ಕೈಕೊಟ್ಟರೆ: ಎವರೆಸ್ಟ್ ಶೂಟಿಂಗಿನ ದೋಷ ನಿವಾರಣೆ ಕೈಪಿಡಿ

ಬೇಸ್ ಕ್ಯಾಂಪಿನಲ್ಲಿ ನನ್ನ ಕೆಲಸ ಫುಟೇಜ್ ಇಳಿಸಿಕೊಳ್ಳುವುದು, ಬ್ಯಾಟರಿ ಚಾರ್ಜ್ ಮಾಡುವುದು, ಕೆಟ್ಟದ್ದನ್ನು ಸರಿಮಾಡುವುದು. ಮೇಲೆ ಹತ್ತಿ ಶೂಟ್ ಮಾಡುತ್ತಿದ್ದವರು ಒಬ್ಬ ಶೆರ್ಪಾ ಕ್ಯಾಮೆರಾಮನ್. ನಾನು ಅವರನ್ನು ದಾಯ್ ಅನ್ನುತ್ತಿದ್ದೆ, ನೇಪಾಳಿಯಲ್ಲಿ ಅಣ್ಣ ಅಂತ. ಅವರು ನನ್ನನ್ನು ಭಾಯ್ ಅನ್ನುತ್ತಿದ್ದರು, ಅಲ್ಲಿ ಆ ಮಾತಿಗೆ ತಮ್ಮ ಎಂದೇ ಅರ್ಥ. ಈ ಕೈಪಿಡಿಯಲ್ಲಿರುವ ಹೆಚ್ಚಿನದು ವಾಕಿಟಾಕಿಯಲ್ಲಿ ನಾವಿಬ್ಬರೂ ಆಡಿದ ಮಾತುಗಳಿಂದ ಬಂದದ್ದು.

1996ರಲ್ಲಿ ಎವರೆಸ್ಟ್ ತುದಿಗೆ ಐಮ್ಯಾಕ್ಸ್ ಕ್ಯಾಮೆರಾ ಹೋದಾಗ ಅದರ ತೂಕ ಸುಮಾರು 19 ಕಿಲೋ. ಹೊತ್ತವರು ಶೆರ್ಪಾಗಳು. ಈಗ ಒಂದು ಕಿಲೋ ಆಸುಪಾಸಿನ ಕ್ಯಾಮೆರಾದಲ್ಲೇ ಒಳ್ಳೆಯ ಚಿತ್ರ ಬರುತ್ತದೆ, ಹಾಗಾಗಿ ಅದೇ ಶೆರ್ಪಾಗಳು ಇಂದು ತಾವೇ ಶೂಟ್ ಮಾಡುತ್ತಾರೆ. ಆದರೆ ಅವರಿಗೆ ಇರುವುದು ಆ ಒಂದೇ ಕೆಲಸವಲ್ಲ. ಹಗ್ಗ ಹಿಡಿಯಬೇಕು, ಹೊರೆ ಹೊರಬೇಕು, ಜೊತೆಯ ಆರೋಹಿಯ ಮೇಲೆ ಕಣ್ಣಿಡಬೇಕು, ನಡುವೆ ಕ್ಯಾಮೆರಾ. ಆದ್ದರಿಂದ ಇಲ್ಲಿ ಹೇಳಿರುವ ಪರೀಕ್ಷೆಗಳಲ್ಲಿ ಮೊದಲನೆಯವೆಲ್ಲ ದಪ್ಪ ಪಂಜಾ ಹಾಕಿಕೊಂಡೇ ಅರ್ಧ ನಿಮಿಷದಲ್ಲಿ ಮುಗಿಯುವಂಥವು. ಕೈಗವಸಿಗೆ ಅಲ್ಲಿ ಪಂಜಾ ಅನ್ನುತ್ತಾರೆ. ಪಂಜಾ ಬಿಚ್ಚಬೇಕಾದ ಕೆಲಸವನ್ನು ಟೆಂಟಿನೊಳಗೆ ಮಾಡಿ, ಬಿಚ್ಚಿ ತಿರುಪಬೇಕಾದದ್ದನ್ನು ಬೇಸ್ ಕ್ಯಾಂಪಿಗೇ ಬಿಡಿ.

ಕ್ಯಾಮೆರಾ ನೋಡುವ ಮೊದಲು ನಿಂತ ಜಾಗ ನೋಡಿ

ಖುಂಬು ಹಿಮಪಾತದಲ್ಲಿ, ಅಂದರೆ ಬೇಸ್ ಕ್ಯಾಂಪ್ ಮತ್ತು ಒಂದನೇ ಕ್ಯಾಂಪಿನ ನಡುವಿನ ಆ ಒಡೆದ ಹಿಮನದಿಯಲ್ಲಿ, ಏನು ಕೆಟ್ಟರೂ ನಿಲ್ಲಬೇಡಿ. ಕ್ಯಾಮೆರಾವನ್ನು ಬ್ಯಾಗಿಗೆ ಹಾಕಿ ನಡೆಯಿರಿ. 2014ರ ಏಪ್ರಿಲ್ 18ರ ಬೆಳಗ್ಗೆ ಅಲ್ಲಿ ಮೇಲಿನಿಂದ ಹಿಮಗಡ್ಡೆ ಕುಸಿದು 16 ನೇಪಾಳಿ ಕೆಲಸಗಾರರು ಸತ್ತರು. ಬಿಸಿಲೇರುವ ಮೊದಲೇ ದಾಟಿಬಿಡಬೇಕು ಅಂತ ನಡುರಾತ್ರಿ ಹೊರಡುವ ಜಾಗ ಅದು. ಬ್ಯಾಟರಿ ಬದಲಿಸಲು ನಿಲ್ಲುವ ಎರಡು ನಿಮಿಷವೂ ಅಲ್ಲಿ ಹೆಚ್ಚು.

ಲೋತ್ಸೆ ಇಳಿಜಾರಿನಲ್ಲಿ, ಅಂದರೆ ಮೂರನೇ ಕ್ಯಾಂಪಿರುವ ಆ ಕಡಿದಾದ ಹಿಮದ ಗೋಡೆಯಲ್ಲಿ, ಭಯ ಬೇರೆ. ಕೈಯಿಂದ ಜಾರಿದ್ದು ನಿಲ್ಲುವುದಿಲ್ಲ, ಕೆಳಗೆ ಹತ್ತುತ್ತಿರುವವರ ತಲೆಯ ದಿಕ್ಕಿನಲ್ಲೇ ಹೋಗುತ್ತದೆ. ಕ್ಯಾಮೆರಾ, ಲೆನ್ಸ್ ಮುಚ್ಚಳ, ಬ್ಯಾಟರಿ ಚೀಲ ಎಲ್ಲಕ್ಕೂ ದಾರ ಕಟ್ಟಿ ಹಾರ್ನೆಸ್‌ಗೆ ಸಿಕ್ಕಿಸಿರಬೇಕು. ಹಾಗೆ ಕಟ್ಟಿರದಿದ್ದರೆ ಅಲ್ಲಿ ಹೊರತೆಗೆಯಲೇಬೇಡಿ.

ಲಕ್ಷಣ: ಅರ್ಧ ಚಾರ್ಜ್ ತೋರಿಸುತ್ತಿದ್ದ ಕ್ಯಾಮೆರಾ ಫಕ್ಕನೆ ಆಫ್ ಆಯಿತು

ಅತಿ ಹೆಚ್ಚು ಬರುವ ದೂರು ಇದೇ, ಹತ್ತರಲ್ಲಿ ಒಂಬತ್ತು ಸಲ ಕ್ಯಾಮೆರಾದ ತಪ್ಪಿರುವುದಿಲ್ಲ. ಲಿಥಿಯಂ ಬ್ಯಾಟರಿಯೊಳಗಿನ ದ್ರವ ಚಳಿಗೆ ಮಂದವಾಗುತ್ತದೆ, ಒಳಗಿನ ರೋಧ ಏರುತ್ತದೆ. ಕ್ಯಾಮೆರಾ ರೆಕಾರ್ಡಿಂಗ್‌ಗೆ ಒಮ್ಮೆಗೇ ಕರೆಂಟ್ ಎಳೆದಾಗ ವೋಲ್ಟೇಜ್ ಕುಸಿಯುತ್ತದೆ, ಬ್ಯಾಟರಿ ಮುಗಿಯಿತು ಅಂತ ಕ್ಯಾಮೆರಾ ತಿಳಿದುಕೊಳ್ಳುತ್ತದೆ. ಚಾರ್ಜ್ ಒಳಗೇ ಇದೆ, ಹೊರಗೆ ಬರಲಾಗುತ್ತಿಲ್ಲ, ಅಷ್ಟೆ.

ಮೊದಲ ಪರೀಕ್ಷೆಗೆ ಖರ್ಚಿಲ್ಲ. ಆ ಬ್ಯಾಟರಿಯನ್ನು ಡೌನ್ ಸೂಟಿನ, ಅಂದರೆ ಪುಕ್ಕ ತುಂಬಿದ ಉಡುಪಿನ, ಒಳಜೇಬಿಗೆ, ಮೈಗೆ ತಾಗುವಂತೆ ಹಾಕಿ, ಅಲ್ಲಿದ್ದ ಬೆಚ್ಚಗಿನ ಇನ್ನೊಂದನ್ನು ಕ್ಯಾಮೆರಾಗೆ ಹಾಕಿ. ಕಾಲು ಗಂಟೆ ಬಿಟ್ಟು ಮೊದಲಿನದನ್ನು ಮತ್ತೆ ಹಾಕಿ ನೋಡಿ. ಶೇಕಡಾವಾರು ಮೇಲೆ ಬಂದಿದ್ದರೆ ಅದಕ್ಕೆ ಚಳಿ ಹಿಡಿದಿತ್ತು, ಬೇರೇನೂ ಇಲ್ಲ. ಬೆಚ್ಚಗಾದ ಮೇಲೂ ಬರದಿದ್ದರೆ ನಿಜಕ್ಕೂ ಖಾಲಿಯಾಗಿದೆ ಅಥವಾ ವಯಸ್ಸಾಗಿದೆ. ಎರಡು ಸಲ ಹೀಗೆ ಮಾಡಿದ ಬ್ಯಾಟರಿಯ ಮೇಲೆ ಟೇಪಿನಿಂದ ಅಡ್ಡಗೆರೆ ಹಾಕಿ ಕೆಳಗೆ ಕಳಿಸಿ.

ದಾಯ್ ಬ್ಯಾಟರಿ ಇಟ್ಟುಕೊಳ್ಳುತ್ತಿದ್ದ ಬಗೆಯನ್ನು ಹೇಳಲೇಬೇಕು. ಉಣ್ಣೆಯ ಹಳೆ ಕಾಲ್ಚೀಲವೊಂದನ್ನು ನಾಲ್ಕು ಗೂಡು ಬರುವಂತೆ ಅಡ್ಡಕ್ಕೆ ಹೊಲಿದು, ದಾರ ಹಾಕಿ, ಒಳಂಗಿಯ ಮೇಲೆ ಜನಿವಾರದ ಹಾಗೆ ತಗುಲಿಸಿಕೊಳ್ಳುತ್ತಿದ್ದರು. ತುಂಬಿದ ಬ್ಯಾಟರಿಯ ಪಿನ್ ಮೇಲ್ಮುಖ, ಮುಗಿದದ್ದರ ಪಿನ್ ಕೆಳಮುಖ. ಕತ್ತಲಲ್ಲಿ, ಪಂಜಾ ಹಾಕಿದ ಹೆಬ್ಬೆರಳಿಗೂ ಗೊತ್ತಾಗುತ್ತಿತ್ತು. ರಾತ್ರಿ ಅದರ ಸಮೇತ ಸ್ಲೀಪಿಂಗ್ ಬ್ಯಾಗಿಗೆ ನುಗ್ಗುತ್ತಿದ್ದರು.

ಬ್ಯಾಟರಿ ಬೆಚ್ಚಗಿದ್ದೂ ಕ್ಯಾಮೆರಾ ಆಫ್ ಆಗುತ್ತಿದ್ದರೆ ಮುಂದಿನ ಸಂಶಯ ಕೇಬಲ್. ಬ್ಯಾಟರಿಯನ್ನು ಸೂಟಿನೊಳಗಿಟ್ಟು ತಂತಿಯಿಂದ ಕ್ಯಾಮೆರಾಗೆ ಕೊಡುವವರು ತಂತಿಯನ್ನು ಬೆರಳಲ್ಲಿ ಬಾಗಿಸಿ ನೋಡಲಿ. ಸಾಮಾನ್ಯ ಪಿವಿಸಿ ಹೊದಿಕೆ ಚಳಿಗೆ ಸೆಟೆದು ಬಿರುಕು ಬಿಡುತ್ತದೆ, ಸಿಲಿಕೋನ್ ಹೊದಿಕೆಯದು ಮೆತ್ತಗೇ ಇರುತ್ತದೆ. ಬಾಗಿಸಿದಾಗ ಕ್ಯಾಮೆರಾ ಆನ್-ಆಫ್ ಆದರೆ ಕಳ್ಳ ಸಿಕ್ಕ.

ಚಾರ್ಜಿಂಗ್ ವಿಷಯದಲ್ಲಿ ಒಂದು ಕಟ್ಟುನಿಟ್ಟು. ಶೂನ್ಯ ಡಿಗ್ರಿಗಿಂತ ತಣ್ಣಗಿರುವ ಲಿಥಿಯಂ ಬ್ಯಾಟರಿಯನ್ನು ಚಾರ್ಜ್‌ಗೆ ಹಾಕಬಾರದು. ಒಳಗೆ ಲಿಥಿಯಂ ಲೋಹವಾಗಿ ಅಂಟಿಕೊಳ್ಳುತ್ತದೆ, ಬ್ಯಾಟರಿ ಶಾಶ್ವತವಾಗಿ ಕುಗ್ಗುತ್ತದೆ, ಒಳಗೇ ಶಾರ್ಟ್ ಆಗುವ ಭಯವೂ ಇದೆ. ಬೆಳಗ್ಗೆ ಸೋಲಾರ್ ಪ್ಯಾನೆಲ್‌ಗೆ ಬಿಸಿಲು ಬಿದ್ದ ತಕ್ಷಣ ಸಿಕ್ಕಿಸುವ ಆತುರ ಎಲ್ಲರಿಗೂ ಇರುತ್ತದೆ. ಮೊದಲು ಬ್ಯಾಟರಿ ಅಂಗೈಗೆ ತಣ್ಣಗೆ ಹತ್ತದ ಹಾಗಾಗಲಿ.

ಇನ್ನೊಂದು ಮಾತು ಹ್ಯಾಂಡ್ ವಾರ್ಮರ್ ಬಗ್ಗೆ. ಆ ಪೊಟ್ಟಣದೊಳಗಿನ ಕಬ್ಬಿಣದ ಪುಡಿ ಗಾಳಿಯ ಆಮ್ಲಜನಕ ಹೀರಿ ಬಿಸಿಯಾಗುತ್ತದೆ. ಬೇಸ್ ಕ್ಯಾಂಪಿನಲ್ಲಿ, ಅಂದರೆ 5,364 ಮೀಟರಿನಲ್ಲಿ, ಗಾಳಿಯ ಒತ್ತಡ ಸಮುದ್ರಮಟ್ಟದ ಅರ್ಧದಷ್ಟು. ತುದಿಯಲ್ಲಿ ಮೂರನೇ ಒಂದು ಪಾಲು. ಮೇಲೆ ಹೋದಷ್ಟೂ ಪೊಟ್ಟಣ ಮಂಕಾಗುತ್ತದೆ. ಕೆಳಗೆ ಕೈ ಸುಡುತ್ತಿದ್ದದ್ದು ನಾಲ್ಕನೇ ಕ್ಯಾಂಪಿರುವ ಸೌತ್ ಕೋಲ್‌ನಲ್ಲಿ ಉಗುರುಬೆಚ್ಚಗೂ ಇರದಿದ್ದರೆ ಪೊಟ್ಟಣ ಕೆಟ್ಟಿಲ್ಲ. ಮೈಯ ಕಾವನ್ನೇ ನಂಬಿ.

*ನಿಲ್ಲಿಸಿ:* ಬ್ಯಾಟರಿ ಉಬ್ಬಿದ್ದರೆ, ಸಿಹಿಯಾದ ರಾಸಾಯನಿಕ ವಾಸನೆ ಬಂದರೆ, ಕೆಲಸವಿಲ್ಲದೆ ಬಿಸಿಯಾಗಿದ್ದರೆ ಪರೀಕ್ಷೆ ಅಲ್ಲಿಗೇ ಮುಗಿಯಿತು. ಚಿಪ್ಸ್ ಪ್ಯಾಕೆಟ್ ಕೂಡ ಅಲ್ಲಿ ಉಬ್ಬುತ್ತದೆ ನಿಜ, ಹಾಗಂತ ಬ್ಯಾಟರಿಯ ಉಬ್ಬನ್ನು ಎತ್ತರದ ಲೆಕ್ಕಕ್ಕೆ ಬರೆದು ಜೇಬಿಗೆ ಹಾಕಬೇಡಿ. ಚುಚ್ಚಬೇಡಿ, ಚಾರ್ಜ್ ಮಾಡಬೇಡಿ. ಟೆಂಟಿನಿಂದ ದೂರ, ಬರಿಯ ಕಲ್ಲಿನ ಮೇಲೆ ಇಡಿ.

ಲಕ್ಷಣ: ಪರದೆ ಕಪ್ಪು, ಆದರೆ ಕೆಂಪು ದೀಪ ಉರಿಯುತ್ತಿದೆ

ಕ್ಯಾಮೆರಾವನ್ನು ನೆಟ್ಟಗಿನಿಂದ ಅಡ್ಡಕ್ಕೆ ತಿರುಗಿಸಿ. ಚಿತ್ರ ಕಂಡಿತೇ? ಹಾಗಾದರೆ ದೋಷ ನಿಮ್ಮ ಕಪ್ಪು ಕನ್ನಡಕದ್ದು. ಪೋಲರಾಯ್ಡ್ ಗಾಜು ಮತ್ತು ಎಲ್‌ಸಿಡಿ ಪರದೆ ಒಂದು ಕೋನದಲ್ಲಿ ಸೇರಿದರೆ ಬೆಳಕು ಪೂರ್ತಿ ನಿಂತುಹೋಗುತ್ತದೆ. ಕನ್ನಡಕ ಮಾತ್ರ ತೆಗೆಯಬೇಡಿ. ಹಿಮದ ಮೇಲಿನ ಬಿಸಿಲಿಗೆ ಕಣ್ಣು ಸುಡಲು ಹೆಚ್ಚು ಹೊತ್ತು ಬೇಡ, ನೋವು ಗೊತ್ತಾಗುವುದು ಕೆಲವು ಗಂಟೆಗಳ ನಂತರ.

ಪರದೆಯಲ್ಲಿ ಚಿತ್ರ ಎಳೆದಂತೆ, ನೆರಳು ಬಿಟ್ಟಂತೆ ಚಲಿಸುತ್ತಿದ್ದರೆ ಅದು ಪರದೆಯ ದ್ರವಕ್ಕೆ ಚಳಿ ಹಿಡಿದದ್ದು. ರೆಕಾರ್ಡ್ ಆಗುತ್ತಿರುವ ಚಿತ್ರಕ್ಕೆ ಏನೂ ಆಗಿರುವುದಿಲ್ಲ, ಶೂಟ್ ಮುಂದುವರಿಸಿ. ಫೋಕಸ್ ಉಂಗುರ, ಟ್ರೈಪಾಡ್ ತಲೆ ಬಿಗಿಯಾದರೂ ಕಾರಣ ಅದೇ, ಒಳಗಿನ ಗ್ರೀಸ್ ಗಟ್ಟಿಯಾಗಿದೆ. ಬಲ ಹಾಕಿ ತಿರುಗಿಸಿದರೆ ಹಲ್ಲು ಮುರಿಯುತ್ತದೆ. ಅಗಲ ಕೋನದ ಲೆನ್ಸ್ ಹಾಕಿ, ಫೋಕಸನ್ನು ದೂರಕ್ಕೆ ಇಟ್ಟು, ಮರೆತುಬಿಡಿ.

ಲಕ್ಷಣ: ಚಿತ್ರ ಮಬ್ಬು, ಹಾಲು ಚೆಲ್ಲಿದಂತೆ

ಮಂಗಳೂರಿನಲ್ಲಿ ಎಸಿ ಕೋಣೆಯಿಂದ ಹೊರಗೆ ಬಂದ ಕ್ಷಣ ಕನ್ನಡಕ ಬೆವರುತ್ತದಲ್ಲ, ಅದೇ ಇದು. ಅಲ್ಲಿ ತಣ್ಣಗಿನ ಕೋಣೆಯಿಂದ ಸೆಕೆಗೆ, ಇಲ್ಲಿ ಮೈನಸ್ ಇಪ್ಪತ್ತರಿಂದ ಬೇಳೆ ಬೇಯುತ್ತಿರುವ ಅಡುಗೆ ಟೆಂಟಿಗೆ. ವ್ಯತ್ಯಾಸವೆಂದರೆ ಇಲ್ಲಿ ಬೆವರು ಮತ್ತೆ ಹೊರಗೆ ಹೋದೊಡನೆ ಹೆಪ್ಪುಗಟ್ಟುತ್ತದೆ.

ಮಬ್ಬು ಎಲ್ಲಿದೆ ಎಂದು ಪತ್ತೆಮಾಡುವುದೇ ಅರ್ಧ ಚಿಕಿತ್ಸೆ. ಲೆನ್ಸನ್ನು ಓರೆಯಾಗಿ ಬೆಳಕಿಗೆ ಹಿಡಿಯಿರಿ.

ಮುಂಗಾಜಿನ ಹೊರಗೆ ಒಣ ಹಿಮದ ಪುಡಿ ಕಂಡರೆ ಬ್ರಷ್ಷಿನಿಂದ ಕೊಡವಿ, ರಬ್ಬರ್ ಬ್ಲೋವರ್ ಒತ್ತಿ. ಬಾಯಿಂದ ಊದಬೇಡಿ, ಉಸಿರು ಅಲ್ಲೇ ಮಂಜುಗಡ್ಡೆಯಾಗುತ್ತದೆ. ಪಂಜಾದಿಂದ ಒರೆಸಿದರೆ ಪುಡಿ ಕರಗಿ ಬಳಿದುಕೊಂಡು ಇನ್ನೂ ಕೆಡುತ್ತದೆ.

ಮಬ್ಬು ವ್ಯೂಫೈಂಡರಿನಲ್ಲಿ ಮಾತ್ರ ಇದ್ದರೆ ಚಿತ್ರ ಚೆನ್ನಾಗಿಯೇ ಬರುತ್ತಿದೆ. ಆಕ್ಸಿಜನ್ ಮಾಸ್ಕಿನಿಂದ ಹೊರಬರುವ ತೇವದ ಉಸಿರು ಅಲ್ಲಿ ಕೂರುತ್ತದೆ. ಕಣ್ಣಿಗೆ ಒತ್ತಿ ಹಿಡಿಯುವುದನ್ನು ಬಿಟ್ಟು ಎದೆಯ ಮಟ್ಟದಲ್ಲಿ, ಪರದೆ ನೋಡಿ ಶೂಟ್ ಮಾಡಿ.

ಗಾಜುಗಳ ನಡುವೆ, ಒಳಗೆ ಮಬ್ಬಿದ್ದರೆ ಮೇಲೆ ಮಾಡುವಂಥದ್ದು ಏನೂ ಇಲ್ಲ. ಕ್ಯಾಮೆರಾ ಆಫ್ ಮಾಡಿ, ಬ್ಯಾಟರಿ ತೆಗೆದು, ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಜಿಪ್ ಚೀಲಕ್ಕೆ ಹಾಕಿ ಬೇಸ್ ಕ್ಯಾಂಪಿಗೆ ತನ್ನಿ. ಒಂದು ಹಗಲು, ಒಂದು ರಾತ್ರಿ ಹಾಗೇ ಇರಲಿ. ಒಲೆಯ ಪಕ್ಕ ಇಟ್ಟು ಬೇಗ ಒಣಗಿಸಲು ಹೋದರೆ ತೇವ ಇನ್ನೂ ಒಳಕ್ಕೆ, ಸೆನ್ಸರಿನತ್ತ ಸರಿಯುತ್ತದೆ.

ಮಬ್ಬು ಬಾರದಂತೆ ಮಾಡುವುದು ಇದೆಲ್ಲಕ್ಕಿಂತ ಸುಲಭ. ಟೆಂಟಿಗೆ ಬರುವ ಮುಂಚೆಯೇ, ಹೊರಗಿನ ಒಣ ಚಳಿಯಲ್ಲೇ, ಕ್ಯಾಮೆರಾವನ್ನು ಜಿಪ್ ಚೀಲಕ್ಕೆ ಹಾಕಿ ಗಾಳಿ ಹಿಂಡಿ ಮುಚ್ಚಿ. ಒಳಗೆ ಬಂದಾಗ ಚೀಲದ ಹೊರಮೈ ಬೆವರುತ್ತದೆ, ಕ್ಯಾಮೆರಾ ಒಣಗಿರುತ್ತದೆ. ಒಂದೆರಡು ಗಂಟೆ ತೆಗೆಯಬೇಡಿ. ದಾಯ್ ಅದನ್ನೂ ಮಾಡುತ್ತಿರಲಿಲ್ಲ: ಬ್ಯಾಟರಿ, ಕಾರ್ಡ್ ಮಾತ್ರ ತೆಗೆದುಕೊಂಡು, ಕ್ಯಾಮೆರಾವನ್ನು ಟೆಂಟಿನ ಮುಂಬಾಗಿಲ ಚಳಿಯಲ್ಲೇ ಚೀಲದೊಳಗೆ ಮಲಗಿಸುತ್ತಿದ್ದರು. ನನಗೆ ಈಗಲೂ ಅದೇ ಸರಿ ಅನ್ನಿಸುತ್ತದೆ.

ಲಕ್ಷಣ: ಹಿಮ ಬೂದುಬಣ್ಣ, ಮುಖಗಳು ಇದ್ದಿಲು

ಇದು ಕೆಟ್ಟದ್ದಲ್ಲ, ಮೀಟರ್ ಮೋಸಹೋದದ್ದು. ಎದುರಿಗಿರುವುದೆಲ್ಲ ನಡುಬೂದು ಎಂದುಕೊಂಡೇ ಆಟೋ ಎಕ್ಸ್‌ಪೋಷರ್ ಕೆಲಸ ಮಾಡುತ್ತದೆ. ತುಂಬ ಬಿಳಿ ಕಂಡರೆ ತಗ್ಗಿಸಿಬಿಡುತ್ತದೆ. ಒಂದರಿಂದ ಒಂದೂವರೆ ಸ್ಟಾಪ್ ಏರಿಸಿ, ಝೀಬ್ರಾ ಗೆರೆ (ಬೆಳಕು ಅತಿಯಾದ ಕಡೆ ಪರದೆಯಲ್ಲಿ ಮೂಡುವ ಪಟ್ಟೆ) ಹಿಮದ ಅತಿ ಹೊಳಪಿನ ಭಾಗದಲ್ಲಷ್ಟೇ ಕಾಣುವಂತೆ ನೋಡಿಕೊಳ್ಳಿ. ಕಪ್ಪು ಕನ್ನಡಕದೊಳಗಿಂದ ಪರದೆಯ ಹೊಳಪನ್ನು ಅಳೆಯಬೇಡಿ, ಕಣ್ಣು ಸುಳ್ಳು ಹೇಳುತ್ತದೆ. ಬಣ್ಣದ ಹದ ನಿರ್ಧರಿಸುವ ವೈಟ್ ಬ್ಯಾಲೆನ್ಸನ್ನು ಆಟೋದಿಂದ ತೆಗೆದು 5600 ಕೆಲ್ವಿನ್‌ಗೆ ಕಟ್ಟಿಹಾಕಿ.

ಹೆಚ್ಚಿನ ಫುಟೇಜಿನಲ್ಲಿ ಕತ್ತಲಾಗಿ ಹೋಗುವುದು ಹುಡ್ ಹಾಕಿಕೊಂಡು ಹೊರೆ ಹೊತ್ತು ಬರುವ ಶೆರ್ಪಾಗಳ ಮುಖಗಳೇ. ಹಿಂದಿನ ಶಿಖರ ಸ್ವಲ್ಪ ಬಿಳಿಚಿದರೂ ಚಿಂತೆಯಿಲ್ಲ, ಮುಖ ಕಾಣಲಿ ಎನ್ನುವುದು ದಾಯ್ ಹಟ. ಸಂಕಲನಕ್ಕೆ ಕೂತಾಗ ಅವರು ತೆಗೆದ ಶಾಟ್ ಯಾವುದು, ಉಳಿದವರದು ಯಾವುದು ಅಂತ ನಾನು ಅದರಿಂದಲೇ ಗುರುತಿಸುತ್ತಿದ್ದೆ.

ಲಕ್ಷಣ: ರೆಕಾರ್ಡ್ ಗುಂಡಿ ಒತ್ತಿದರೂ ಶುರುವಾಗುತ್ತಿಲ್ಲ

ಇಲ್ಲಿ ನಾನು ಮಾಡಿದ ತಪ್ಪನ್ನು ಹೇಳುತ್ತೇನೆ. ಮೂರನೇ ಕ್ಯಾಂಪಿನಿಂದ ದಾಯ್ ಕರೆದರು. ಕ್ಯಾಮೆರಾ ಆನ್ ಆಗಿದೆ ಭಾಯ್, ರೆಕಾರ್ಡ್ ಹೋಗುತ್ತಿಲ್ಲ. ನಾನು ಬ್ಯಾಟರಿ ಬಾಗಿಲು ತೆಗೆದು ಪಿನ್ ಒರೆಸಿ ನೋಡಿ ಅಂದೆ. ಹೊರಪಂಜಾ ಬಿಚ್ಚಿದರು. ಆಗಲಿಲ್ಲ. ಮತ್ತೊಮ್ಮೆ ನೋಡಿ ದಾಯ್, ಅಂದೆ. ಅವರು ಆಗುವುದಿಲ್ಲ ಅನ್ನಲಿಲ್ಲ. ಕೂಲಿಗೆ ಬಂದ ಮನುಷ್ಯ ಕೆಳಗಿನವರ ಮಾತಿಗೆ ಇಲ್ಲ ಅನ್ನುವುದು ಸುಲಭವಲ್ಲ. ನಾಲ್ಕೈದು ನಿಮಿಷ ಗಾಳಿಯಲ್ಲಿ ಹಾಗೇ ಕೂತರು. ಕೆಳಗೆ ಬಂದಾಗ ಎರಡು ಬೆರಳ ತುದಿ ಮೇಣದ ಹಾಗೆ ಬೆಳ್ಳಗಿತ್ತು. ಬೆರಳು ಉಳಿಯಿತು, ಗುಳ್ಳೆ ಮಾಯಲು ವಾರಗಳೇ ಬೇಕಾದವು.

ದೋಷ ಏನಿತ್ತು? ಎಸ್‌ಡಿ ಕಾರ್ಡಿನ ಪಕ್ಕದ ಪುಟ್ಟ ಲಾಕ್ ಪಂಜಾದಿಂದ ತಳ್ಳುವಾಗ ಜಾರಿತ್ತು. ಪರದೆಯ ಮೂಲೆಯಲ್ಲಿ ಅದು ಬರೆದೂ ಇತ್ತು. ಪರದೆಯ ಮೇಲೆ ಏನಿದೆ ಓದಿ ಹೇಳಿ ಅಂತ ನಾನು ಮೊದಲು ಕೇಳಬೇಕಿತ್ತು.

ಆದ್ದರಿಂದ ಕ್ರಮ ಹೀಗೆ. ಮೊದಲು ಪರದೆಯ ಮೇಲಿನ ಸಂದೇಶ ಓದಿ. ಕಾರ್ಡ್ ತುಂಬಿದೆಯೇ, ಲಾಕ್ ಆಗಿದೆಯೇ ಎಂದು ಅದೇ ಹೇಳುತ್ತದೆ. ಆಫ್ ಮಾಡಿ ಆನ್ ಮಾಡಿ. ಇನ್ನೊಂದು ಕಾರ್ಡ್ ಸ್ಲಾಟ್ ಇದ್ದರೆ ಅದಕ್ಕೆ ಬದಲಿಸಿ. ಇಷ್ಟಕ್ಕೂ ಆಗದಿದ್ದರೆ ಆ ಕ್ಯಾಮೆರಾ ಒಳಗೆ ಹೋಗಲಿ, ಎದೆಗೆ ಕಟ್ಟಿದ ಆ್ಯಕ್ಷನ್ ಕ್ಯಾಮೆರಾದಲ್ಲಿ ಮುಂದುವರಿಸಿ. ಲಾಕ್ ಜಾರದಂತೆ ಬೇಸ್ ಕ್ಯಾಂಪಿನಲ್ಲೇ ಪ್ರತಿ ಕಾರ್ಡಿಗೂ ತೆಳು ಟೇಪಿನ ಚೂರು ಅಂಟಿಸಿ ಕಳಿಸುವುದು ಈಗ ನನ್ನ ರೂಢಿ.

ಬೆರಳು ಬೆಳ್ಳಗಾಗಿ ಸ್ಪರ್ಶ ಹೋಗಿದ್ದರೆ ಉಜ್ಜಬೇಡಿ, ಹಿಮ ತಿಕ್ಕಬೇಡಿ. ಕಂಕುಳಲ್ಲಿಟ್ಟು ಇಳಿಯಲು ಶುರುಮಾಡಿ. 37ರಿಂದ 39 ಡಿಗ್ರಿಯ ನೀರಿನಲ್ಲಿ ಕಾಯಿಸುವುದು ಮತ್ತೆ ಹೆಪ್ಪುಗಟ್ಟುವ ಭಯವಿಲ್ಲದ ಜಾಗಕ್ಕೆ ಬಂದ ಮೇಲೆ, ವೈದ್ಯರ ಕಣ್ಣೆದುರು.

ಲಕ್ಷಣ: ಕಾರ್ಡ್ ಎರರ್, ಕ್ಲಿಪ್ ಕಾಣುತ್ತಿಲ್ಲ, ಡಿಸ್ಕ್ ಕಟಕಟ ಸದ್ದು

ರೆಕಾರ್ಡಿಂಗ್ ನಡುವೆ ಬ್ಯಾಟರಿ ಹೋದರೆ ಕೊನೆಯ ಕ್ಲಿಪ್ ಸರಿಯಾಗಿ ಮುಚ್ಚಿಕೊಂಡಿರುವುದಿಲ್ಲ. ಅದೇ ಕಾರ್ಡನ್ನು ಅದೇ ಕ್ಯಾಮೆರಾಗೆ, ಬೆಚ್ಚಗಿನ ಬ್ಯಾಟರಿಯ ಜೊತೆ ಹಾಕಿ. ಎಷ್ಟೋ ಕ್ಯಾಮೆರಾಗಳು ತಾವೇ ದುರಸ್ತಿ ಮಾಡಲೇ ಅಂತ ಕೇಳುತ್ತವೆ, ಹೂಂ ಅನ್ನಿ. ಫಾರ್ಮ್ಯಾಟ್ ಮಾಡಲೇ ಎಂದು ಕೇಳಿದರೆ ಮಾತ್ರ ಖಂಡಿತ ಬೇಡ. ಕಾರ್ಡ್ ತೆಗೆದು ಟೇಪಿನ ಮೇಲೆ ತಾರೀಕು ಬರೆದು ಒಳಜೇಬಿಗೆ ಹಾಕಿ, ಅದರ ಮೇಲೆ ಇನ್ನೇನನ್ನೂ ರೆಕಾರ್ಡ್ ಮಾಡಬೇಡಿ. ಉಳಿದದ್ದನ್ನು ಕೆಳಗೆ ರಿಕವರಿ ಸಾಫ್ಟ್‌ವೇರ್ ನೋಡಿಕೊಳ್ಳುತ್ತದೆ. ಒಣಗಾಳಿಯಲ್ಲಿ ನೈಲಾನ್ ಬಟ್ಟೆ ತಿಕ್ಕಿ ಕಿಡಿ ಹೊಡೆಯುವುದುಂಟು, ಕಾರ್ಡ್ ಮುಟ್ಟುವ ಮುನ್ನ ಟೆಂಟಿನ ಲೋಹದ ಕೋಲನ್ನೋ ಟ್ರೈಪಾಡನ್ನೋ ಮುಟ್ಟಿ.

ತಿರುಗುವ ಹಾರ್ಡ್ ಡಿಸ್ಕ್ ಬೇಸ್ ಕ್ಯಾಂಪಿಗೆ ತರಲೇಬೇಡಿ. ಅದರ ಓದುವ ತಲೆ ತಟ್ಟೆಯ ಮೇಲೆ ಗಾಳಿಯ ತೆಳು ಪದರದ ಆಸರೆಯಲ್ಲಿ ತೇಲುತ್ತದೆ, ಗಾಳಿ ತೆಳುವಾದರೆ ತಟ್ಟೆಗೆ ಉಜ್ಜುತ್ತದೆ. ತಯಾರಕರು ಸಾಮಾನ್ಯವಾಗಿ ಹೇಳುವ ಮಿತಿ ಸುಮಾರು 3,000 ಮೀಟರ್. ಬೇಸ್ ಕ್ಯಾಂಪಿನ ದಾರಿಯಲ್ಲಿ ಸಿಗುವ ನಾಮ್ಚೆ ಬಜಾರ್ ಊರು ಇರುವುದೇ 3,440ರಲ್ಲಿ. ಕಟಕಟ ಕೇಳಿದರೆ ತಕ್ಷಣ ತಂತಿ ಕಿತ್ತು, ಕಾಠ್ಮಂಡು ತಲುಪುವವರೆಗೆ ಮತ್ತೆ ಹಾಕಬೇಡಿ. ತಿರುಗುವ ತಟ್ಟೆಯೇ ಇಲ್ಲದ ಎಸ್‌ಎಸ್‌ಡಿಗೆ ಈ ತೊಂದರೆಯಿಲ್ಲ. ಎರಡು ಎಸ್‌ಎಸ್‌ಡಿಯಲ್ಲಿ ನಕಲಾಗಿ, ಎರಡನ್ನೂ ತೆರೆದು ನೋಡುವ ತನಕ ಕಾರ್ಡ್ ಅಳಿಸಬಾರದು.

ಲಕ್ಷಣ: ಬರೀ ಗಾಳಿಯ ಗದ್ದಲ, ಡ್ರೋನ್ ಏಳುತ್ತಿಲ್ಲ

ಮೈಕಿಗೆ ರೋಮದ ಹೊದಿಕೆ ಹಾಕಿ. ಹಾಕಿಯೂ ಚಿಟಪಟ ಅನ್ನುತ್ತಿದ್ದರೆ ಮೈಕಿನೊಳಗೆ ತೇವ ಸೇರಿದೆ ಅಥವಾ ತಂತಿ ಸೆಟೆದಿದೆ, ಎರಡನ್ನೂ ಒಳಜೇಬಿನಲ್ಲಿ ಕಾಯಿಸಿ. ಡ್ರೋನ್ ಬ್ಯಾಟರಿ ಬೆಚ್ಚಗಿರದೆ ಹಾರಿಸಬೇಡಿ. ಬೆಚ್ಚಗಿದ್ದೂ ರೆಕ್ಕೆ ಭೋರಿಟ್ಟು ಏಳದಿದ್ದರೆ ಆ ಮಾದರಿಯ ಎತ್ತರದ ಮಿತಿ ದಾಟಿದ್ದೀರಿ, ಅದಕ್ಕೆ ಮದ್ದಿಲ್ಲ. ಅನುಮತಿ ಇದ್ದರೂ ಹೆಲಿಕಾಪ್ಟರ್ ಸದ್ದು ಕೇಳಿದ ಕೂಡಲೇ ಇಳಿಸಿ. ಅದು ಯಾರದೋ ಜೀವ ಉಳಿಸಲು ಹೋಗುತ್ತಿರಬಹುದು.

ಲಕ್ಷಣ: ಕ್ಯಾಮೆರಾ ಸರಿಯಿದೆ, ಶಾಟ್‌ಗಳು ಸರಿಯಿಲ್ಲ

ಫ್ರೇಮ್ ಓರೆ. ಒಂದೇ ಶಾಟ್ ಮೂರು ಸಲ. ರೆಕಾರ್ಡ್ ಒತ್ತಿದ್ದೇನೆ ಅಂದುಕೊಂಡು ನಿಲ್ಲಿಸಿದ್ದು. ವಾಕಿಟಾಕಿಯಲ್ಲಿ ಮಾತು ತಡವರಿಸುವುದು. ಇವು ಕಂಡರೆ ಕ್ಯಾಮೆರಾ ಬಿಟ್ಟು ಆಪರೇಟರನ್ನು ನೋಡಿ. ಮಿದುಳಿಗೆ ಆಮ್ಲಜನಕ ಕಡಿಮೆಯಾದಾಗ ಮೊದಲು ಹದ ತಪ್ಪುವುದು ಇಂಥ ಸಣ್ಣ ಕೆಲಸಗಳೇ, ತಪ್ಪುತ್ತಿರುವುದು ಆ ಮನುಷ್ಯನಿಗೆ ಗೊತ್ತಾಗುವುದಿಲ್ಲ.

ಆಕ್ಸಿಜನ್ ಹಾಕಿಕೊಂಡಿದ್ದರೆ ಪರೀಕ್ಷೆ ಈ ಕ್ರಮದಲ್ಲಿ: ಸಿಲಿಂಡರಿನ ಗೇಜ್, ರೆಗ್ಯುಲೇಟರಿನ ಹರಿವಿನ ಸಂಖ್ಯೆ, ಕೊಳವೆ ಎಲ್ಲಾದರೂ ಮಡಚಿದೆಯೇ, ಮಾಸ್ಕಿನ ಕವಾಟದಲ್ಲಿ ಮಂಜುಗಡ್ಡೆ ಕಟ್ಟಿದೆಯೇ. ಕ್ಯಾಮೆರಾ ಇದ್ದಕ್ಕಿದ್ದಂತೆ ಭಾರವಾಯಿತು ಅಂತ ಆಪರೇಟರ್ ಅಂದರೆ ನೂರಕ್ಕೆ ನೂರು ಈ ನಾಲ್ಕನ್ನು ನೋಡಿಸಿ. ಇದನ್ನು ಜೊತೆಗಿರುವ ಇನ್ನೊಬ್ಬರು ನೋಡಬೇಕು, ಅವರೇ ತಮ್ಮ ಬೆನ್ನು ನೋಡಿಕೊಳ್ಳಲಾರರು.

ಆಕ್ಸಿಜನ್ ಸರಿಯಿದ್ದೂ ಗೊಂದಲ ಹೋಗದಿದ್ದರೆ, ಸಮತಟ್ಟು ಜಾಗದಲ್ಲಿ ಹಿಮ್ಮಡಿಗೆ ಬೆರಳು ತಾಗಿಸುತ್ತ ನೇರ ಗೆರೆಯಲ್ಲಿ ನಡೆಸಿ. ತೂರಾಡಿದರೆ ಮಿದುಳಿನಲ್ಲಿ ನೀರು ತುಂಬುತ್ತಿರಬಹುದು. ಕೂತಲ್ಲೇ ಏದುಸಿರು, ಬಿಡದ ಕೆಮ್ಮು, ಗುಲಾಬಿ ನೊರೆ ಕಂಡರೆ ಶ್ವಾಸಕೋಶದಲ್ಲಿ. ಎರಡಕ್ಕೂ ನಿಜವಾದ ಚಿಕಿತ್ಸೆ ಇಳಿಯುವುದು, ತಡಮಾಡದೆ, ಒಬ್ಬರೇ ಅಲ್ಲದೆ. ತಂಡದ ಡಬ್ಬಿಯಲ್ಲಿರುವ ಡೆಕ್ಸಾಮೆಥಾಸೋನ್, ನಿಫೆಡಿಪಿನ್ ವೈದ್ಯರ ಮಾತಿನಂತೆ ಕೊಡುವಂಥವು, ಅವು ಇಳಿಯಲು ಹೊತ್ತು ದೊರಕಿಸುತ್ತವೆ ಅಷ್ಟೆ. ವಸಂತದ ಆರೋಹಣ ಕಾಲದಲ್ಲಿ ಬೇಸ್ ಕ್ಯಾಂಪಿನಲ್ಲೇ ಎವರೆಸ್ಟ್ ಇಆರ್ ಎಂಬ ವೈದ್ಯಕೀಯ ಟೆಂಟ್ 2003ರಿಂದ ನಡೆಯುತ್ತಿದೆ, ಕೆಳಗೆ ಫೆರಿಚೆ ಎಂಬ ಹಳ್ಳಿಯಲ್ಲಿ ಹಿಮಾಲಯನ್ ರೆಸ್ಕ್ಯೂ ಅಸೋಸಿಯೇಷನ್ನಿನ ಚಿಕಿತ್ಸಾಲಯವಿದೆ.

ಶೆರ್ಪಾಗಳಿಗೆ ಇದೆಲ್ಲ ಆಗುವುದಿಲ್ಲ ಎಂಬ ನಂಬಿಕೆಯನ್ನು ದಯವಿಟ್ಟು ಬಿಡಿ. ತಲೆಮಾರುಗಳಿಂದ ಅವರ ರಕ್ತ, ಉಸಿರಾಟ ಎತ್ತರಕ್ಕೆ ಒಗ್ಗಿರುವುದು ನಿಜ. ಆದರೂ ಇದೇ ಕಾಯಿಲೆಗೆ ಶೆರ್ಪಾಗಳೂ ಸತ್ತಿದ್ದಾರೆ. ಕೆಳಗೆ ಕೂತು ಫುಟೇಜ್ ಕೇಳುವವರಿಗೆ ನನ್ನ ಬೇಡಿಕೆ ಒಂದೇ. ಮೇಲಿನಿಂದ ಕರೆ ಬಂದಾಗ ಮೊದಲು ಬೆರಳು ಹೇಗಿದೆ, ಆಕ್ಸಿಜನ್ ಎಷ್ಟಿದೆ ಅಂತ ಕೇಳಿ, ಆಮೇಲೆ ಕ್ಯಾಮೆರಾ. ಶಾಟ್ ಬೇಡ, ಇಳಿದು ಬನ್ನಿ ಎಂಬ ಮಾತು ಕೆಳಗಿನಿಂದಲೇ ಹೋಗಬೇಕು. ಆಗ ಅವರು ಅದನ್ನು ಕೇಳಿ ಪಡೆಯಬೇಕಾಗುವುದಿಲ್ಲ.

ಸರ್ವಿಸಿಗೆ ಕೊಡುವಾಗ

ಇಳಿದ ಮೇಲೂ ದೋಷ ಉಳಿದಿದ್ದರೆ ನೀವೇ ತಿರುಪು ಬಿಚ್ಚಬೇಡಿ. ಒಂದು ಚೀಟಿಯಲ್ಲಿ ನಾಲ್ಕು ಸಾಲು ಬರೆದು ಕ್ಯಾಮೆರಾ ಜೊತೆ ಕಟ್ಟಿ: ಎಷ್ಟು ಎತ್ತರದಲ್ಲಿ ಶುರುವಾಯಿತು, ಆಗ ಚಳಿ ಎಷ್ಟಿತ್ತು, ಒಳಗೆ ತೇವ ಕಂಡಿತ್ತೇ, ಬಿದ್ದಿತ್ತೇ. ಕೆಳಗಿನ ಊರುಗಳ ಸೆಕೆಯಲ್ಲಿ ಎಲ್ಲವೂ ಸರಿಯಾಗಿಯೇ ಓಡುತ್ತದೆ, ಏನೂ ಇಲ್ಲವಲ್ಲ ಅಂತ ವಾಪಸ್ ಕೊಟ್ಟುಬಿಡುತ್ತಾರೆ. ಉಬ್ಬಿದ ಬ್ಯಾಟರಿಯನ್ನು ವಿಮಾನಕ್ಕೆ ತರಬೇಡಿ. ಚೆನ್ನಾಗಿರುವವು ಕೈಚೀಲದಲ್ಲಿ, ಪಿನ್‌ಗಳಿಗೆ ಟೇಪ್ ಹಚ್ಚಿ.